ಕನಸು ಕಾಲವನ್ನು ಸೀಳುವುದೆ?

ನಮ್ಮ ಸೀಮೆಯ ವಿದ್ಯಾವಂತರ ಮನೆಗಳಲ್ಲಿಯೂ ಈಚೆಗೆ ಒಂದು ವಿಚಿತ್ರ ಶಾಸ್ತ್ರದ ಮಾತು ಕೇಳಿಬರುತ್ತಿರುವುದನ್ನು ವಾಚಕ ಮಹಾಶಯರು ಬಲ್ಲರು. ನಿದ್ರೆಯಲ್ಲಿ ಕಾಲದ ಪರದೆ ಹರಿಯುತ್ತದೆಯಂತೆ. ಆ ಹರಕಿನಲ್ಲಿ ಮನಸ್ಸು ನುಸುಳಿ, ಹೂತಿರುವುದನ್ನೂ ಬರಲಿರುವುದನ್ನೂ ಕಂಡು ಬರುತ್ತದೆಯಂತೆ. ಯೋಗವಾಸಿಷ್ಠವು ಸಾರಿದುದೂ ಇದನ್ನೇ ಅಂತೆ. ಪಾಶ್ಚಾತ್ಯ ವಿಜ್ಞಾನವೂ ಇದಕ್ಕೆ ಮುದ್ರೆಯೊತ್ತಿದೆಯಂತೆ. ಈ ಅಂತೆಗಳ ಕಂತೆಯನ್ನು ಬಿಚ್ಚಿ ನೋಡುವುದು ಅವಶ್ಯವಾಗಿದೆ.

ಮೊದಲೇ ಒಂದು ಮಾತು. ಭಕ್ತಿಯೊಡನೆ ನಮಗೆ ವ್ಯಾಜ್ಯವಿಲ್ಲ. ಕೊರಟಗೆರೆ ತಾಲ್ಲೂಕಿನ ಗೊರವನಹಳ್ಳಿಯ ಮಹಾಲಕ್ಷ್ಮಿಯ ಸ್ಥಳಕಥೆಯಲ್ಲಿ ಕನಸಿನ ಅಪ್ಪಣೆಯ ಪ್ರಸಂಗ ಬರುತ್ತದೆ. ಅದನ್ನು ಕೇಳಿ ಕೈಮುಗಿಯುವವನು ಯಾವ ಪ್ರಮಾಣವನ್ನೂ ಮುಂದೊಡ್ಡುವುದಿಲ್ಲ. ವಿಜ್ಞಾನದ ಹೆಸರನ್ನು ಹೊತ್ತು ಬರುವವನಾದರೋ ಪ್ರಮಾಣವನ್ನು ಕೊಡಲೇಬೇಕು.

ಇಂಥವರು ಮುಂದಿಡುವ ಸಾಕ್ಷಿ ಜೆ. ಡಬ್ಲ್ಯು. ಡನ್ ಎಂಬ ಆಂಗ್ಲ ವಿಮಾನತಂತ್ರಜ್ಞರು ೧೯೨೭ರಲ್ಲಿ ಪ್ರಕಟಿಸಿದ 'ಕಾಲದೊಡನೆ ಒಂದು ಪ್ರಯೋಗ' ಎಂಬರ್ಥದ ಹೆಸರಿನ ಪುಸ್ತಕ. ೧೯೦೨ರಲ್ಲಿ ದಕ್ಷಿಣ ಆಫ್ರಿಕದಲ್ಲಿದ್ದಾಗ ಡನ್ನರು ಸಿಡಿಯಲಿರುವ ದ್ವೀಪವೊಂದನ್ನೂ ೪,೦೦೦ ಜನರ ಮರಣವನ್ನೂ ಕನಸಿನಲ್ಲಿ ಕಂಡರು. ಬಳಿಕ ಬಂದ ಪತ್ರಿಕೆಯಲ್ಲಿ ಮಾರ್ಟಿನೀಕ್ ದ್ವೀಪದ ಪೆಲೆ ಜ್ವಾಲಾಮುಖಿಯ ಸುದ್ದಿಯಿತ್ತು. ಅಲ್ಲಿ ಅಚ್ಚಾಗಿದ್ದ ಸಂಖ್ಯೆ ೪೦,೦೦೦. ಡನ್ನರು ಆತುರದಲ್ಲಿ ಅದನ್ನು ೪,೦೦೦ ಎಂದು ಓದಿಕೊಂಡಿದ್ದರು. ತಾವು ಮುಂಚಿತವಾಗಿ ಕಂಡುದು ಬೆಟ್ಟವನ್ನಲ್ಲ, ಪತ್ರಿಕೆಯನ್ನು ಓದುವ ತಮ್ಮ ಅನುಭವವನ್ನು ಎಂದು ಅವರೇ ನಿರ್ಣಯಿಸಿದರು. ಇದನ್ನು ಒಪ್ಪಿದರೂ ಕನಸು ಮುಂಗಂಡುದು ಕಣ್ಣು ಮಾಡಲಿದ್ದ ಒಂದು ತಪ್ಪನ್ನು! ಲೋಕದ ಸತ್ಯವನ್ನು ಅದು ತಿಳಿಸಿತೆಂದು ಹೇಳುವುದು ಹೇಗೆ? ಓದಿದ ಮೇಲೆ ನೆನಪು ಹಿಂದಿನ ಕನಸನ್ನು ತಿದ್ದಿಕೊಳ್ಳಬಹುದೆಂಬ ಸಂದೇಹವೂ ಅವರಿಗೆ ಹೊಳೆದಿತ್ತು. ಆದುದರಿಂದಲೇ ಎದ್ದ ಕೂಡಲೆ ಕನಸನ್ನು ಬರೆದಿಡಬೇಕೆಂಬ ನಿಯಮವನ್ನು ಮಾಡಿದರು. ೧೯೩೦ರ ದಶಕದಲ್ಲಿ ಬೆಸ್ಟರ್‌ಮನ್ ಎಂಬವರು ಆ ನಿಯಮದಂತೆಯೇ ಆಕ್ಸ್‌ಫರ್ಡಿನ ವಿದ್ಯಾರ್ಥಿಗಳಿಂದ ಕನಸುಗಳನ್ನು ಬರೆಯಿಸಿ ಪರೀಕ್ಷಿಸಿದಾಗ ಡನ್ನರ ವಾದಕ್ಕೆ ಬಲ ದೊರೆಯಲಿಲ್ಲ.

ಕ್ಷಣಮಾತ್ರದಲ್ಲಿ ವರ್ಷಗಳನ್ನು ಕನಸು ಕಾಣುವೆವೆಂಬ ನಂಬಿಕೆಯಿದೆಯಷ್ಟೆ. ೧೯೫೭ರಲ್ಲಿ ಅಮೆರಿಕದ ಡಿಮೆಂಟ್ ಮತ್ತು ಕ್ಲೈಟ್‌ಮನ್ ಎಂಬ ಸಂಶೋಧಕರು, ಕಣ್ಣುಗುಡ್ಡೆಗಳು ಚಲಿಸುವ ನಿದ್ರಾವಸ್ಥೆಯಲ್ಲಿ ೫ ನಿಮಿಷಕ್ಕೋ ೧೫ ನಿಮಿಷಕ್ಕೋ ಮಲಗಿದವರನ್ನು ಎಬ್ಬಿಸಿ, ಎಷ್ಟು ಹೊತ್ತು ಕನಸು ಕಂಡಿರೆಂದು ಕೇಳಿದರು. ಬಹುಪಾಲು ಸಲ ಉತ್ತರ ಸರಿಯಾಗಿತ್ತು. ಕನಸಿಗೂ ಗಡಿಯಾರದ ಹೊತ್ತು ಬೇಕು. ಅಲ್ಲಿ ಕಾಲ ಹರಿದ ಗುರುತು ಕಾಣಲಿಲ್ಲ.

ಇನ್ನು ನಮ್ಮ ಶಾಸ್ತ್ರ. ಗೌಡಪಾದರು ಮಾಂಡೂಕ್ಯಕಾರಿಕೆಯ ವೈತಥ್ಯಪ್ರಕರಣದಲ್ಲಿ ಸ್ವಪ್ನವಸ್ತುಗಳನ್ನು ಮಿಥ್ಯೆಯೆನ್ನಲು ಕೊಡುವ ಕಾರಣಗಳಲ್ಲಿ ಕಾಲದ ಅಲ್ಪತೆಯೂ ಒಂದು: ಅಷ್ಟು ಸ್ವಲ್ಪ ಹೊತ್ತಿನಲ್ಲಿ ದೂರದೇಶಕ್ಕೆ ಹೋಗಿಬರುವುದು ಸಾಧ್ಯವಿಲ್ಲವಾದುದರಿಂದ ಕನಸುಗಾರನು ಹೋಗಿಯೇ ಇಲ್ಲ. ಕನಸಿನವರು ಯಾವುದನ್ನು ಸಂಚಾರಕ್ಕೆ ಸಾಕ್ಷಿಯೆನ್ನುವರೋ ಅದನ್ನೇ ಆಚಾರ್ಯರು ಸಂಚಾರವಿಲ್ಲವೆನ್ನಲು ಬಳಸಿದರು. ಕನಸು ಶುಭಾಶುಭಗಳ ಸೂಚಕವೆಂದು ಬ್ರಹ್ಮಸೂತ್ರದಲ್ಲಿಯೇ ಇದೆಯಲ್ಲ ಎಂಬ ಆಕ್ಷೇಪ ಬರಬಹುದು. ಇದೆ, ಸರಿಯೆ. ಆದರೆ ಸೂಚಿತವಾದುದು ದಿಟವಾದರೂ ಸೂಚಿಸುವ ದೃಶ್ಯವು ಮಿಥ್ಯೆಯೇ ಎಂದು ಶಂಕರರು ಅಲ್ಲಿಯೇ ಇತ್ಯರ್ಥಪಡಿಸಿರುವರು. ಕೆ. ಎ. ಕೃಷ್ಣಸ್ವಾಮಿ ಅಯ್ಯರ್ ಅವರು ೧೯೩೦ರಲ್ಲಿ ವೇದಾಂತವನ್ನು 'ಸತ್ಯದ ವಿಜ್ಞಾನ'ವೆಂದು ಕರೆದು ಗ್ರಂಥ ಬರೆದಾಗಲೂ ಎಚ್ಚರ, ಕನಸು, ನಿದ್ರೆಗಳನ್ನು ವಿಮರ್ಶಿಸಿದುದು ಆತ್ಮನಿರ್ಣಯಕ್ಕಾಗಿ, ಹೂತ ಕೊಪ್ಪರಿಗೆಗಾಗಿಯಲ್ಲ. ಸಭೆಯಲ್ಲಿ ಕುಳಿತಂತೆಯೇ ಬಹುವರ್ಷಗಳ ಸಂಸಾರವನ್ನು ಅನುಭವಿಸಿದ ಲವಣರಾಜನ ಕಥೆಯನ್ನು ವಸಿಷ್ಠರು ಹೇಳಿದುದು ಆಸೆಯನ್ನು ಸಡಿಲಿಸಲು. ಅದನ್ನೇ ಆಸೆಯ ಕೈಗೆ ಗುದ್ದಲಿಯಾಗಿ ಕೊಡುವುದು ಯಾವ ನ್ಯಾಯ?

ಗುದ್ದಲಿಯೆಂದುದು ಅಲಂಕಾರಕ್ಕಲ್ಲ. ಮಧುಗಿರಿ, ನಿಡುಗಲ್ಲುಗಳಂಥ ದುರ್ಗಗಳೂ ಶಿರಾದಂಥ ಹಳೆಯ ರಾಜಧಾನಿಯೂ ಇರುವ ಈ ನಾಡಿನಲ್ಲಿ, "ಕನಸಿನಲ್ಲಿ ಜಾಗ ತೋರಿತು" ಎಂಬ ಒಂದು ಮಾತು ಸಾಕು, ಇರುಳು ಹಾರೆ ಹೊರಡುತ್ತದೆ. ಗರ್ಭಗೃಹದ ಚಪ್ಪಡಿ ಎದ್ದಿರುವ, ನಂದಿಯ ಬೆನ್ನು ಬಿರಿದಿರುವ ಹಾಳುಗುಡಿಯನ್ನು ಕಾಣದವರು ನಮ್ಮಲ್ಲಿ ವಿರಳ. ರೈಸ್ ಅವರು ೧೯೦೪ರಲ್ಲಿ ಎಪಿಗ್ರಾಫಿಯ ಕರ್ನಾಟಿಕದ ೧೨ನೆಯ ಸಂಪುಟವಾಗಿ ಈ ಜಿಲ್ಲೆಯ ಶಾಸನಗಳನ್ನು ಪ್ರಕಟಿಸಿದರು. ಅದರಲ್ಲಿ ಸೇರದೆ ಉಳಿದ ಕಲ್ಲೊಂದು ಒಡೆದರೆ ಅದರ ಮಾತು ಮತ್ತೆ ಎಲ್ಲಿಯೂ ದೊರೆಯದು. ನಿಧಿಯ ಹೆಸರಿನಲ್ಲಿ ನಡೆಯುವ ಅಮಾನುಷ ಕೃತ್ಯಗಳನ್ನು ೨೦೧೭ರ ಕರ್ನಾಟಕದ ಕಾಯಿದೆಯು ಅಪರಾಧವೆಂದು ಎಣಿಸಿದೆ. ಆದರೆ ಕಾಯಿದೆಯು ಪ್ರತಿ ಗುಡ್ಡದ ಮೇಲೂ ಕಾವಲು ಕೂರಲಾರದು.

ಆ ಕಾವಲು ಓದಿದವರ ಮನೆಗಳಿಂದ ಮೊದಲಾಗಬೇಕು. ಹಾರೆ ಹಿಡಿಯುವವನು ಬಡವನಿರಬಹುದು; ಅವನ ಕನಸಿಗೆ ಶಾಸ್ತ್ರವೆಂಬ ಹೆಸರನ್ನಿತ್ತವರು ನಾವು. ಮನೆಯ ಮಕ್ಕಳು ಕಂಡ ಕನಸನ್ನು ಹೇಳಲಿ, ನಾವು ಸಂತೋಷದಿಂದ ಕೇಳೋಣ. ಅದಕ್ಕೆ ವಿಜ್ಞಾನದ ಪಟ್ಟವನ್ನು ಕಟ್ಟುವ ಮುನ್ನ, ಬರೆದಿಟ್ಟ ದಿನಾಂಕವೆಲ್ಲಿ, ತಪ್ಪಿದ ಕನಸುಗಳ ಲೆಕ್ಕವೆಲ್ಲಿ ಎಂದು ಕೇಳುವ ಧೈರ್ಯವನ್ನೂ ಅವರಿಗೆ ಕಲಿಸೋಣ.