ಮುಳುಗಿ ಹೆಸರಾದ ಹಡಗು

ಸ್ವೀಡನ್ನಿನ ‘ವಾಸಾ’ ಹೆಸರು ಮಾಡಿದ್ದು ಯುದ್ಧ ಗೆದ್ದಲ್ಲ, ಮುಳುಗಿ! 1628ರ ಆಗಸ್ಟ್ 10ರಂದು ಸ್ಟಾಕ್‌ಹೋಮ್ ಬಂದರಿನಿಂದ ಮೊದಲ ಬಾರಿ ಹೊರಟ ಈ ಯುದ್ಧನೌಕೆ ಸುಮಾರು 1,300 ಮೀಟರ್ ಸಾಗುವಷ್ಟರಲ್ಲೇ ಗಾಳಿಗೆ ವಾಲಿತು. ತೆರೆದಿದ್ದ ಫಿರಂಗಿ ಕಿಂಡಿಗಳಿಂದ ನೀರು ನುಗ್ಗಿ ಸುಮಾರು 30 ಜನ ಜಲಸಮಾಧಿಯಾದರು. ಹಡಗಿನ ಮೇಲ್ಭಾಗ ಬಲು ಭಾರವಾಗಿ, ಗುರುತ್ವ ಕೇಂದ್ರ ತೀರಾ ಮೇಲಿದ್ದುದೇ ಕಾರಣ.

ಇದು ಮೊದಲೇ ತಿಳಿದಿರಲಿಲ್ಲವೆ? ತಿಳಿದಿತ್ತು. ಹೊರಡುವ ಮುನ್ನ 30 ಆಳುಗಳನ್ನು ಡೆಕ್ಕಿನ ಮೇಲೆ ಅತ್ತಿಂದಿತ್ತ ಓಡಿಸಿ ನೋಡಿದ್ದರು. ಹಡಗು ಹೊಯ್ದಾಡಿದ ರೀತಿಗೆ ಹೆದರಿ ಮೂರನೆಯ ಓಟಕ್ಕೇ ಪರೀಕ್ಷೆ ನಿಲ್ಲಿಸಿದರು! ಪೋಲೆಂಡಿನೊಡನೆ ಕಾದಾಡುತ್ತಿದ್ದ ದೊರೆ ಗುಸ್ತಾವ್ ಅಡಾಲ್ಫನಿಗೋ ಅವಸರ. ಬೇಡವೆನ್ನುವ ಧೈರ್ಯ ಯಾರಿಗಿತ್ತು? ಆಮೇಲೆ ವಿಚಾರಣೆಯೇನೋ ನಡೆಯಿತು, ಶಿಕ್ಷೆ ಮಾತ್ರ ಯಾರಿಗೂ ಆಗಲಿಲ್ಲ.

ಬಾಲ್ಟಿಕ್ ಸಮುದ್ರದಲ್ಲಿ ಉಪ್ಪಿನಂಶ ಕಡಿಮೆ. ಹಡಗಿನ ಮರ ಕೊರೆಯುವ ಹುಳು ಅಲ್ಲಿ ಬದುಕದು. ಹೀಗಾಗಿ 1961ರಲ್ಲಿ ಮೇಲೆತ್ತಿದಾಗ, 333 ವರ್ಷ ನೀರಿನಡಿ ಇದ್ದ ಹಡಗು ಹೆಚ್ಚುಕಡಿಮೆ ಇಡಿಯಾಗಿಯೇ ಸಿಕ್ಕಿತು.