ಮುದುಕರು ಜಾಗ ಬಿಡಲೆಂದೇ ಸಾವು ಬಂತೇ?

ಮುಪ್ಪನ್ನು ವಿಕಾಸವಾದದ ಬೆಳಕಿನಲ್ಲಿ ವಿವರಿಸುತ್ತ ಜೀವವಿಜ್ಞಾನಿ ಪೀಟರ್ ಮೆಡವಾರ್ 1951ರಲ್ಲಿ ಲಂಡನ್ನಿನಲ್ಲಿ ಕೊಟ್ಟ ಉಪನ್ಯಾಸಕ್ಕೆ ಇಂದಿಗೂ ಅವೇ ಹಳೆಯ ಆಕ್ಷೇಪಗಳು ಬರುತ್ತಿವೆ.

ದೇಹ ಬಳಸಿದಷ್ಟೂ ಸವೆಯುತ್ತದೆ, ಇದಕ್ಕೆ ಸಿದ್ಧಾಂತ ಬೇರೆ ಬೇಕೇ ಎನ್ನುವವರಿದ್ದಾರೆ. ಇಲಿ ಮೂರು ವರ್ಷ ದಾಟುವುದೇ ಅಪರೂಪ. ಏಳೇ ಗ್ರಾಂ ತೂಗುವ ಬ್ರಾಂಟ್ ಬಾವಲಿಯೊಂದು ಸೈಬೀರಿಯದಲ್ಲಿ 41 ವರ್ಷ ಬದುಕಿದ ದಾಖಲೆಯಿದೆ. ಸವೆತವೇ ಉತ್ತರವಾದರೆ ಇಷ್ಟೊಂದು ಅಂತರ ಎಲ್ಲಿಂದ ಬಂತು?

ಹಳಬರು ಹೋದರೆ ತಾನೇ ಹೊಸಬರಿಗೆ ಜಾಗ ಎಂಬುದು ಎರಡನೆಯದು. ಸಮಾರಂಭಗಳ ಭಾಷಣಕ್ಕೆ ಚೆನ್ನಾಗಿ ಒಪ್ಪುವ ಮಾತು. 1880ರ ದಶಕದಲ್ಲಿ ಜೀವವಿಜ್ಞಾನಿ ಆಗಸ್ಟ್ ವೈಸ್‌ಮನ್ ಹೇಳಿದ್ದೂ ಹೆಚ್ಚುಕಡಿಮೆ ಇದನ್ನೇ. ಆಮೇಲೆ ಅವರೇ ಹಿಂದೆ ಸರಿದರು. ಹಳಬರು ಆಗಲೇ ಜೀರ್ಣವಾಗಿದ್ದಾರೆಂದು ಈ ವಾದ ಮೊದಲೇ ಒಪ್ಪಿಕೊಂಡುಬಿಡುತ್ತದೆ. ಏಕೆ ಜೀರ್ಣವಾದರು ಎಂಬುದೇ ಅಲ್ಲವೇ ಪ್ರಶ್ನೆ? ಗುಂಪಿನಲ್ಲಿ ಒಂದು ಪ್ರಾಣಿ ಜಾಗ ಬಿಡದೆ ಮರಿ ಹಾಕುತ್ತಲೇ ಇದ್ದರೆ, ಕೆಲವು ತಲೆಮಾರಿನಲ್ಲಿ ಅದರ ಸಂತತಿಯೇ ಗುಂಪನ್ನು ತುಂಬುತ್ತದೆ.

ಹಾಗಾದರೆ ಮುಪ್ಪು ಏಕೆ? ಇದಕ್ಕೆ ಮೆಡವಾರ್ ಕೊಟ್ಟ ಉದಾಹರಣೆ ಪ್ರಯೋಗಾಲಯದ ಗಾಜಿನ ನಳಿಕೆಗಳದು. ಗಾಜಿಗೆ ಮುಪ್ಪಿಲ್ಲ. ಆದರೂ ಕೈತಪ್ಪಿ ಒಡೆಯುತ್ತ ಹೋಗುವುದರಿಂದ, ಹಳೆಯ ನಳಿಕೆಗಳು ಕೆಲವೇ ಉಳಿಯುತ್ತವೆ. ಪ್ರಾಣಿಗಳಿಗೂ ಹಸಿವು, ರೋಗ, ಬೇಟೆಗಾರ ಇವೆಯಲ್ಲ. ತಡವಾಗಿ ಕೇಡು ಮಾಡುವ ವಂಶವಾಹಿ ತಲೆಯೆತ್ತುವ ಹೊತ್ತಿಗೆ ಬಹುಪಾಲು ಪ್ರಾಣಿಗಳು ಸತ್ತಿರುತ್ತವೆ. ಉಳಿದವು ಅದನ್ನು ಆಗಲೇ ಮರಿಗಳಿಗೆ ದಾಟಿಸಿರುತ್ತವೆ. ನೈಸರ್ಗಿಕ ಆಯ್ಕೆಗೆ ಅದನ್ನು ಅಳಿಸುವ ಬಲ ಉಳಿಯುವುದಿಲ್ಲ. ಹಾರಿ ತಪ್ಪಿಸಿಕೊಳ್ಳುವ ಬಾವಲಿಯ ದೀರ್ಘಾಯುಷ್ಯವೂ ಈ ಲೆಕ್ಕಕ್ಕೇ ಕೂಡುತ್ತದೆ.

ಪುರಾವೆ ಕೇಳುವವರು ಅಮೆರಿಕದ ಜಾರ್ಜಿಯಾ ಕರಾವಳಿಯ ಸಪೆಲೊ ದ್ವೀಪವನ್ನು ನೋಡಲಿ. ಬೇಟೆಯ ಕಾಟ ಕಡಿಮೆಯಿರುವ ಅಲ್ಲಿನ ಒಪೊಸಮ್ ಎಂಬ ಚೀಲಹೊಟ್ಟೆಯ ಪ್ರಾಣಿಗಳು ಒಳನಾಡಿನವುಗಳಿಗಿಂತ ನಿಧಾನವಾಗಿ ಮುದಿಯಾಗುತ್ತವೆಂದು ಸ್ಟೀವನ್ ಆಸ್ಟಡ್ 1993ರಲ್ಲಿ ತೋರಿಸಿದರು.

ಮೊಟ್ಟೆಯಿಟ್ಟೊಡನೆ ಸಾಯುವ ಪೆಸಿಫಿಕ್ ಸಾಲ್ಮನ್ ಮೀನಿನ ಮಾತೇನು ಎಂದು ಕೆಲವರು ಸವಾಲು ಹಾಕುತ್ತಾರೆ. ಅದು ಇದ್ದಬದ್ದ ಶಕ್ತಿಯನ್ನೆಲ್ಲ ಒಂದೇ ಸಂತಾನೋತ್ಪತ್ತಿಗೆ ಸುರಿದುಬಿಡುತ್ತದೆ. ಪಕ್ವವಾಗುವ ಮುನ್ನ ಜನನಗ್ರಂಥಿ ತೆಗೆದ ಕೊಕನಿ ಸಾಲ್ಮನ್‌ಗಳಲ್ಲಿ ಕೆಲವು ಎಂಟು ವರ್ಷದವರೆಗೂ ಬದುಕಿದವೆಂದು 1961ರಲ್ಲೇ ವರದಿಯಾಗಿದೆ. ಜಾಗ ಬಿಡುವ ತ್ಯಾಗ ಇಲ್ಲೆಲ್ಲಿದೆ?

ಒಂದು ಆಕ್ಷೇಪವನ್ನು ಮಾತ್ರ ಒಪ್ಪಬೇಕು. ಕಾಡಿನಲ್ಲಿ ಪ್ರಾಣಿಗಳು ಮುಪ್ಪು ಕಾಣುವಷ್ಟು ಕಾಲ ಬದುಕುವುದೇ ಇಲ್ಲವೆಂಬಂತೆ ಮೆಡವಾರ್ ಬರೆದದ್ದು ಅತಿಯಾಯಿತು. ಸ್ಕಾಟ್ಲೆಂಡಿನ ರಮ್ ದ್ವೀಪದ ಕೆಂಪು ಜಿಂಕೆಗಳನ್ನು ದಶಕಗಳ ಕಾಲ ಹಿಂಬಾಲಿಸಿದವರು ಅವುಗಳಲ್ಲೂ ಮುಪ್ಪು ಕಂಡಿದ್ದಾರೆ. ಆದರೆ ಮೆಡವಾರ್ ಅವರ ಸಿದ್ಧಾಂತಕ್ಕೆ ಮುದಿ ಪ್ರಾಣಿಗಳೇ ಇರಬಾರದೆಂಬ ಷರತ್ತಿಲ್ಲ. ವಯಸ್ಸು ಏರಿದಂತೆ ಸಂಖ್ಯೆ ಇಳಿದರೆ ಸಾಕು. ರಮ್‌ನ ಜಿಂಕೆಗಳಲ್ಲೂ ಅದು ಇಳಿಯುತ್ತದೆ.