ಚೆಂಡೋ ಪುಸ್ತಕವೋ?



ಕಳೆದ ವಾರ ತಾವರಗೇರಾದ ನಮ್ಮ ಮನೆಗೆ ಹಳೆಯ ಶಿಷ್ಯನೊಬ್ಬ ಮಗನನ್ನು ಕರೆದುಕೊಂಡು ಬಂದಿದ್ದ. ಇಂದು ಆತ ಬೀಜ-ಗೊಬ್ಬರದ ಅಂಗಡಿಯ ಮಾಲೀಕ. "ಸರ್, ಇವ ಪಿಯುಸಿ ಬಿಟ್ಟು ಬೆಂಗಳೂರಿಗೆ ಹೋಗಿ ಕ್ರಿಕೆಟ್ ಆಡ್ತೀನಿ ಅಂತಾನ್ರಿ. ನೀವರ ಸ್ವಲ್ಪ ಬುದ್ಧಿ ಹೇಳ್ರಿ" ಎಂದ.

ನನಗೆ ತಕ್ಷಣ ಮಾತು ಹೊರಡಲಿಲ್ಲ. ಕಾರಣ, ಈ ತಂದೆ ಹತ್ತನೆಯ ತರಗತಿಯಲ್ಲಿದ್ದಾಗ ಅವನ ಚೆಂಡನ್ನು ಕಸಿದುಕೊಂಡು, "ಚೆಂಡು ಬೇಕೋ, ಪುಸ್ತಕ ಬೇಕೋ? ಒಂದನ್ನು ಆರಿಸಿಕೋ" ಎಂದು ಗದರಿಸಿದವನು ನಾನೇ. ಅವನು ಪುಸ್ತಕವನ್ನು ಆರಿಸಿಕೊಂಡ. ಚೆಂಡನ್ನು ನಾನು ಹಿಂದಿರುಗಿಸಲೇ ಇಲ್ಲ. ಇಂದು ಮಗ ಅದೇ ಪ್ರಶ್ನೆಗೆ ತದ್ವಿರುದ್ಧವಾದ ಉತ್ತರ ಹೇಳುತ್ತಿದ್ದಾನೆ. ವಿಚಾರ ಮಾಡಿದರೆ ತಪ್ಪು ಇಬ್ಬರ ಉತ್ತರದಲ್ಲಿಯೂ ಇಲ್ಲ, ನನ್ನ ಪ್ರಶ್ನೆಯಲ್ಲಿಯೇ ಇತ್ತು.

ಅನಿಲ್ ಕುಂಬ್ಳೆಯವರ ಜೀವನವನ್ನೇ ನೋಡಿರಿ. ಕಾಸರಗೋಡಿನ ಕುಂಬಳೆ ಮೂಲದ ಮನೆತನ. ಹುಟ್ಟಿದ್ದು 1970ರಲ್ಲಿ, ಬೆಂಗಳೂರಿನಲ್ಲಿ. ಬಸವನಗುಡಿಯ ನ್ಯಾಷನಲ್ ಹೈಸ್ಕೂಲಿನಲ್ಲಿ ಓದಿ, ಆರ್.ವಿ. ಇಂಜಿನಿಯರಿಂಗ್ ಕಾಲೇಜು ಸೇರಿದರು. 1990ರ ಆಗಸ್ಟಿನಲ್ಲಿ ಮ್ಯಾಂಚೆಸ್ಟರಿನಲ್ಲಿ ಮೊದಲ ಟೆಸ್ಟ್ ಆಡಿದಾಗ ಅವರಿನ್ನೂ ವಿದ್ಯಾರ್ಥಿ. ದೇಶದ ತಂಡಕ್ಕೆ ಆಯ್ಕೆಯಾದೆನೆಂದು ಓದನ್ನು ಕೈಬಿಡಲಿಲ್ಲ. ಮೆಕ್ಯಾನಿಕಲ್ ಇಂಜಿನಿಯರಿಂಗ್ ಪದವಿಯನ್ನು ಪೂರೈಸಿದರು. 1999ರಲ್ಲಿ ದೆಹಲಿಯಲ್ಲಿ ಪಾಕಿಸ್ತಾನದ ಹತ್ತೂ ವಿಕೆಟ್‌ಗಳನ್ನು ಒಂದೇ ಇನಿಂಗ್ಸ್‌ನಲ್ಲಿ ಕಬಳಿಸಿದ್ದನ್ನು ನಿಮಗೆ ಹೇಳಬೇಕಿಲ್ಲ. ಒಟ್ಟು 619 ಟೆಸ್ಟ್ ವಿಕೆಟ್‌ಗಳನ್ನು ಪಡೆದು 2008ರ ನವೆಂಬರಿನಲ್ಲಿ ನಿವೃತ್ತರಾದಾಗ ಅವರ ವಯಸ್ಸು ಕೇವಲ 38.

ಇಲ್ಲಿಯೇ ನನ್ನ ವಾದವಿದೆ. ನಾನು ನಿವೃತ್ತನಾದದ್ದು ಅರವತ್ತಕ್ಕೆ. ಆಟಗಾರನ ನಿವೃತ್ತಿ ಮೂವತ್ತೆಂಟಕ್ಕೆ, ಅದೂ ಅದೃಷ್ಟವಿದ್ದರೆ. ಮುಂದಿನ ಮೂವತ್ತು ನಲವತ್ತು ವರ್ಷ ಏನು ಮಾಡಬೇಕು? ಕುಂಬ್ಳೆಯವರು 2010ರಲ್ಲಿ ಜೊತೆಗಾರರೊಡನೆ ಟೆನ್‌ವಿಕ್ ಎಂಬ ಕ್ರೀಡಾ ತರಬೇತಿ ಸಂಸ್ಥೆಯನ್ನು ಕಟ್ಟಿದರು. 2018ರಲ್ಲಿ ಅವರ ಸ್ಪೆಕ್ಟಾಕಾಮ್ ಕಂಪನಿಯು 'ಪವರ್ ಬ್ಯಾಟ್' ಎಂಬುದನ್ನು ಲೋಕದ ಮುಂದಿಟ್ಟಿತು. ಬ್ಯಾಟಿನ ಬೆನ್ನಿಗೆ ಅಂಟಿಸುವ ಹಗುರವಾದ ಸ್ಟಿಕ್ಕರ್ ಅದು. ಬ್ಯಾಟಿನ ವೇಗವನ್ನೂ ಹೊಡೆತದ ಬಲವನ್ನೂ ಬ್ಯಾಟ್ ಎಷ್ಟು ತಿರುಚಿತೆಂಬುದನ್ನೂ ಅಳೆಯುತ್ತದೆ. ಆಟ ಮತ್ತು ಇಂಜಿನಿಯರಿಂಗ್ ಎರಡನ್ನೂ ಬಲ್ಲವರಿಗೆ ಸಹಜವಾಗಿ ಒದಗುವ ಉದ್ಯಮವಲ್ಲವೇ ಇದು?

ಅವರಿಗಿಂತ ಮೊದಲಿನ ಎರಪಳ್ಳಿ ಪ್ರಸನ್ನ ಅವರು 1962ರಲ್ಲಿ ವೆಸ್ಟ್ ಇಂಡೀಸ್ ಪ್ರವಾಸ ಮುಗಿಸಿ ಬಂದು, ಮೈಸೂರಿನಲ್ಲಿ ಇಂಜಿನಿಯರಿಂಗ್ ಓದನ್ನು ಪೂರ್ಣಗೊಳಿಸುವುದಕ್ಕಾಗಿ ದೊಡ್ಡ ಆಟದಿಂದ ದೂರ ಉಳಿದರು. ಮತ್ತೆ ಟೆಸ್ಟ್ ಆಡಿದ್ದು 1967ರಲ್ಲಿ. ಆ ಐದು ವರ್ಷಗಳ ಅಂತರದ ನಂತರವೂ 189 ವಿಕೆಟ್‌ಗಳು ಅವರ ಹೆಸರಿನಲ್ಲಿ ನಿಂತವು.

"ಅವರಿಗೆ ಬೆಂಗಳೂರು, ಮೈಸೂರುಗಳಿದ್ದವು; ನಮಗೇನಿದೆ?" ಎಂದು ಹುಡುಗ ಕೇಳಿದ. ನ್ಯಾಯವಾದ ಪ್ರಶ್ನೆ. ನಮ್ಮ ಭಾಗದ ಮಕ್ಕಳಿಗೆ ಒಳ್ಳೆಯ ಮೈದಾನವೂ ತರಬೇತುದಾರರೂ ದುರ್ಲಭ. ಆದರೂ ಪಕ್ಕದ ಗದಗದ ಸುನಿಲ್ ಜೋಶಿಯವರು ಬಾಲ್ಯದಲ್ಲಿ ನಸುಕಿನಲ್ಲಿಯೇ ಹುಬ್ಬಳ್ಳಿಗೆ ಹೋಗಿ ಅಭ್ಯಾಸ ಮಾಡಿ, ಶಾಲೆಯ ಹೊತ್ತಿಗೆ ಊರಿಗೆ ಮರಳುತ್ತಿದ್ದರು. ಆಟ ಅವರಿಗೆ ಶಾಲೆ ತಪ್ಪಿಸಲಿಲ್ಲ. ಅವರು ಭಾರತಕ್ಕೆ 15 ಟೆಸ್ಟ್ ಆಡಿದರು.

ಆದ್ದರಿಂದ ಹುಡುಗನಿಗೆ ಹೇಳಿದೆ: "ಪಿಯುಸಿ ಮುಗಿಸು. ಕಾಲೇಜು ಸೇರು, ಕಾಲೇಜು ತಂಡಕ್ಕೆ ಆಡು, ವಿಶ್ವವಿದ್ಯಾಲಯದ ತಂಡಕ್ಕೆ ಆಡು. ಅಂತರ ವಿಶ್ವವಿದ್ಯಾಲಯ ಪಂದ್ಯಗಳಿಗೆ ರೋಹಿಂಟನ್ ಬಾರಿಯಾ ಟ್ರೋಫಿಯೇ ಇದೆ. ಮುಂದಿನ ದಾರಿ ಅಲ್ಲಿ ಕಾಣುತ್ತದೆ." ತಂದೆಗೆ ಹೇಳಿದೆ: "ಅವನ ಬ್ಯಾಟನ್ನು ಅಟ್ಟಕ್ಕೆ ಹಾಕಬೇಡ. ನಾನು ಮಾಡಿದ ತಪ್ಪನ್ನು ನೀನು ಮಾಡಬೇಡ."

ಆತ ನಕ್ಕು, "ಸರ್, ಆ ಚೆಂಡು ನಂದಲ್ರೀ, ನಮ್ಮ ಕಾಕಾಂದು. ಮನ್ಯಾಗ ಮತ್ತೊಮ್ಮಿ ಹೊಡ್ತ ತಿಂದಿದ್ದೆ" ಎಂದ. ಇಷ್ಟು ವರ್ಷ ಅವನು ಅದನ್ನು ನನಗೆ ಹೇಳಿರಲಿಲ್ಲ.

ನಿಮ್ಮಲ್ಲಿ ಇನ್ನೂ ಯಾರ ಯಾರ ಚೆಂಡುಗಳನ್ನು ನಾನು ಹಿಡಿದಿಟ್ಟುಕೊಂಡಿದ್ದೆನೋ, ಅವರೆಲ್ಲ ಕ್ಷಮಿಸಬೇಕು. ನಿಮ್ಮ ಮಕ್ಕಳು ಓದಲಿ, ಆಡಲಿ.